ವಕೀಲಿ ಹಗಲು, ಬಣ್ಣ ರಾತ್ರಿ

ಪ್ರಶ್ನೆ: ಬಳ್ಳಾರಿ ರಾಘವರು ವಕೀಲರೋ, ಕಂಪನಿ ನಟರೋ? ಶಾಲೆಯಲ್ಲಿ ಅವರ ಬಗ್ಗೆ ಏಕಪಾತ್ರಾಭಿನಯ ಮಾಡಿಸುತ್ತಿದ್ದೇವೆ. ಸೆಕೆಗೆ ಬಣ್ಣ ಇಳಿಯದಂತೆ ಏನು ಮಾಡಬೇಕು?
– ಓದುಗರು, ಸಿರುಗುಪ್ಪ

ಉತ್ತರ: ವಕೀಲರೇ. 1880ರ ಆಗಸ್ಟ್ 2ರಂದು ತಾಡಪತ್ರಿಯಲ್ಲಿ ಹುಟ್ಟಿ, ಮದ್ರಾಸಿನಲ್ಲಿ ಕಾನೂನು ಓದಿ, ಬಳ್ಳಾರಿಯಲ್ಲಿ ವಕೀಲಿ ಮಾಡಿದರು. ನಾಟಕ ಅವರಿಗೆ ಹೊಟ್ಟೆಪಾಡಲ್ಲ. ಸೋದರಮಾವ ಧರ್ಮವರಂ ರಾಮಕೃಷ್ಣಾಚಾರ್ಯರು ಬಳ್ಳಾರಿಯಲ್ಲಿ ಕಟ್ಟಿದ ನಾಟಕ ಸಂಘ ಸರಸ ವಿನೋದಿನಿ ಸಭೆಯೇ ಅವರ ಗರಡಿ. ಹೆಸರು ಮಾಡಿದ್ದು ಮುಖ್ಯವಾಗಿ ತೆಲುಗು ರಂಗಭೂಮಿಯಲ್ಲಿ. ಪದ್ಯ ಎಳೆದೆಳೆದು ಹಾಡುವುದೇ ನಟನೆ ಎನ್ನುವ ಕಾಲದಲ್ಲಿ ಮಾತಿಗೂ ಮುಖಭಾವಕ್ಕೂ ತೂಕ ಕೊಟ್ಟರು. ಹೆಣ್ಣಿನ ಪಾತ್ರವನ್ನು ಹೆಣ್ಣೇ ಮಾಡಬೇಕೆಂದರು. ನಮ್ಮ ಮಟ್ಟಿಗೆ ಇದೇ ಅವರ ದೊಡ್ಡ ಕೆಲಸ. ನಿಮ್ಮ ಹುಡುಗರ ಮಾತಿನಲ್ಲಿ ಇದು ಬರಲೇಬೇಕು. ತೀರಿಕೊಂಡದ್ದು 1946ರ ಏಪ್ರಿಲ್ 16ರಂದು.

ಇನ್ನು ಬಣ್ಣ. ಇಳಿಯಲು ಮುಖ್ಯ ಕಾರಣ ಹೆಚ್ಚು ಎಣ್ಣೆ ಮತ್ತು ದಪ್ಪ ಲೇಪ. ಮುಖ ತಣ್ಣೀರಲ್ಲಿ ತೊಳೆದು ಪೂರ್ತಿ ಒರೆಸಿ. ಕೊಬ್ಬರಿ ಎಣ್ಣೆ ಎರಡು ಹನಿ ಸಾಕು. ಬಣ್ಣ ತೆಳ್ಳಗೆ ಹಚ್ಚಿ, ಮೇಲೆ ಪೌಡರನ್ನು ಉಜ್ಜದೆ ಒತ್ತಿ, ಉದುರುವುದನ್ನು ಬ್ರಷ್‌ನಿಂದ ತೆಗೆಯಿರಿ. ಬೆವರನ್ನು ಒರೆಸಬೇಡಿ, ಬಟ್ಟೆಯಿಂದ ಒತ್ತಿ ತೆಗೆಯಿರಿ. ಮೀಸೆ ಬೇಕಾದರೆ ಸ್ಪಿರಿಟ್ ಗಮ್ ಅಂಟಂಟಾಗುವವರೆಗೆ ಕಾಯಿರಿ, ಹಸಿಯಲ್ಲಿ ಅಂಟಿಸಿದರೆ ಜಾರುತ್ತದೆ. ಹಳೆಯ ಬಣ್ಣದ ಪೆಟ್ಟಿಗೆಯಲ್ಲಿ ಅರದಾಳ ಎಂಬ ಹಳದಿ ಬಣ್ಣ ಸಿಕ್ಕರೆ ಮಕ್ಕಳ ಮುಖಕ್ಕೆ ಖಂಡಿತ ಬೇಡ. ಅದರಲ್ಲಿ ಆರ್ಸೆನಿಕ್ ವಿಷವಿದೆ.