ಎಡಗೆನ್ನೆಯ ಫೋಟೊ

(ಹೆಸರು, ಊರು, ಉದ್ಯೋಗ ಬದಲಿಸಿದ್ದೇನೆ. ಬರೆಯಲು ಇಬ್ಬರೂ ಒಪ್ಪಿದ್ದಾರೆ.)

ಮದುವೆಗೆ ಇಪ್ಪತ್ತಾರು ದಿನ ಉಳಿದಿದ್ದಾಗ ಇಬ್ಬರೂ ಹಾಸನದ ನನ್ನ ಕೊಠಡಿಗೆ ಬಂದರು. ಫೋನಿನಲ್ಲಿ ಹುಡುಗ ಹೇಳಿದ್ದು ಒಂದೇ ಮಾತು: "ಫೋಟೊ ವಿಚಾರಕ್ಕೆ ಇವಳು ಮದುವೆಯೇ ಬೇಡ ಎನ್ನುತ್ತಿದ್ದಾಳೆ." ಇಂಥದ್ದು ಕೇಳಿದ ಕೂಡಲೇ ನಾವು ಆಪ್ತಸಲಹೆಗಾರರು ಬೇರೇನನ್ನೋ ಕೆದಕಲು ಶುರುಮಾಡುತ್ತೇವೆ: ವರದಕ್ಷಿಣೆ, ಹಳೆಯ ಪ್ರೇಮ, ಬೀಗರ ಮುನಿಸು. ನಾನೂ ಒಂದು ಗಂಟೆ ಕೆದಕಿದೆ. ಏನೂ ಸಿಗಲಿಲ್ಲ. ಜಗಳ ನಿಜಕ್ಕೂ ಫೋಟೊದ್ದೇ.

ಹುಡುಗಿಯನ್ನು ಚೈತ್ರಾ ಎನ್ನೋಣ, ಹುಡುಗನನ್ನು ಮಧು. ಹೇಮಾವತಿಯ ಹಿನ್ನೀರು ಇಳಿದ ಬೇಸಿಗೆಯಲ್ಲಿ ಶೆಟ್ಟಿಹಳ್ಳಿಯ ಪಾಳು ಚರ್ಚಿನ ಮುಂದೆ ಇವರ ಪ್ರೀ ವೆಡ್ಡಿಂಗ್ ಶೂಟ್ ನಡೆದಿತ್ತು. ನಾನೂರಕ್ಕೂ ಹೆಚ್ಚು ಚಿತ್ರಗಳು. ಲಗ್ನಪತ್ರಿಕೆಗೂ ಕಲ್ಯಾಣ ಮಂಟಪದ ಬಾಗಿಲಲ್ಲಿ ನಿಲ್ಲಿಸುವ ದೊಡ್ಡ ಬೋರ್ಡಿಗೂ ಅವುಗಳಲ್ಲಿ ಒಂದನ್ನು ಆರಿಸಬೇಕಿತ್ತು.

ಚೈತ್ರಾಳ ಎಡಗೆನ್ನೆಯಲ್ಲಿ, ಕಿವಿಯ ಕೆಳಗಿನಿಂದ ದವಡೆಯವರೆಗೆ, ಅರ್ಧ ವೀಳ್ಯದೆಲೆಯಷ್ಟು ಸುಟ್ಟ ಕಲೆ ಇದೆ. ನಾಲ್ಕು ವರ್ಷದವಳಿದ್ದಾಗ ಬಚ್ಚಲ ಹಂಡೆಯ ಬಿಸಿನೀರು ಚೆಲ್ಲಿ ಆದದ್ದು. ಅವಳು ಆರಿಸಿದ್ದ ಹನ್ನೊಂದು ಚಿತ್ರಗಳನ್ನು ತೋರಿಸಿದಳು. ಹನ್ನೊಂದರಲ್ಲೂ ಬಲಗೆನ್ನೆ. ಮಧು ಹಿಡಿದ ಪಟ್ಟು ಒಂದೇ ಚಿತ್ರದ ಮೇಲೆ: ಗಾಳಿಗೆ ಅವಳ ಕೂದಲು ಹಿಂದಕ್ಕೆ ಹಾರಿದೆ, ಬಾಯ್ತುಂಬ ನಗುತ್ತಿದ್ದಾಳೆ, ಕಲೆ ಬಿಸಿಲಿನಲ್ಲಿ ಸ್ಪಷ್ಟವಾಗಿದೆ. ಇವರಿಬ್ಬರ ಚರ್ಚೆ ಮುಗಿಯುವ ಮೊದಲೇ ಮಧುವಿನ ತಾಯಿ ಫೋಟೊಗ್ರಾಫರ್‌ಗೆ ಫೋನ್ ಮಾಡಿ ಅದೇ ಚಿತ್ರದಲ್ಲಿ ಕಲೆ ಅಳಿಸಲು ಹೇಳಿದ್ದರು. ತಿದ್ದಿದ ಪ್ರತಿ ಮನೆಯವರ ವಾಟ್ಸ್ಆ್ಯಪ್ ಗುಂಪಿಗೂ ಬಂದಿತ್ತು. ಕೆನ್ನೆ ಮೈದಾ ಹಿಟ್ಟು ಮೆತ್ತಿದ ಹಾಗೆ ನುಣ್ಣಗಿತ್ತು. "ಇದು ಬೇರೆ ಯಾರದೋ ಮದುವೆ" ಎಂದು ಚೈತ್ರಾ ಗುಂಪಿನಿಂದ ಹೊರಬಂದಿದ್ದಳು.

ಇಲ್ಲಿ ನನ್ನ ತಪ್ಪನ್ನೂ ಬರೆಯಬೇಕು. "ಅವಳನ್ನು ಕಲೆ ಸಮೇತ ಒಪ್ಪಿದ್ದೇನೆ, ಬಚ್ಚಿಡುವುದೇಕೆ?" ಎಂದು ಮಧು ಹೇಳಿದಾಗ ನನಗೆ ಅವನ ಮೇಲೆ ಅಭಿಮಾನವೇ ಬಂತು. ಅವನ ಪರವಾಗಿ ಎರಡು ಮಾತು ಆಡಿಯೂಬಿಟ್ಟೆ. ಚೈತ್ರಾ ಬ್ಯಾಗಿನ ಜಿಪ್ಪನ್ನು ಎಳೆಯುತ್ತ, ಮುಚ್ಚುತ್ತ ಕುಳಿತಿದ್ದವಳು ತಲೆ ಎತ್ತಿ ಕೇಳಿದಳು: "ಇವರು ಒಪ್ಪಿದ್ದಾರೆಂದು ಎಂಟುನೂರು ಜನಕ್ಕೆ ತೋರಿಸಲು ನನ್ನ ಕೆನ್ನೆಯೇ ಬೇಕೇ ಮೇಡಂ?"

ಅತ್ತೆ ಅಳಿಸಿದ್ದರು, ಮಗ ಮೆರೆಸಲು ಹೊರಟಿದ್ದ. ಅವಳನ್ನು ಮಾತ್ರ ಇಬ್ಬರೂ ಕೇಳಿರಲಿಲ್ಲ. ಆ ದಿನ ನಾನೂ ಕೇಳಲಿಲ್ಲ.

ಎರಡನೆಯ ಭೇಟಿಗೆ ಅವಳೊಬ್ಬಳೇ ಬರಲಿ ಎಂದೆ. "ಕನ್ನಡಿಯಲ್ಲಿ ನೋಡಿದರೆ ಏನೂ ಅನಿಸುವುದಿಲ್ಲ, ಫೋಟೊದಲ್ಲಿ ಮಾತ್ರ ಅದೇ ಎದ್ದು ಕಾಣುತ್ತದೆ" ಎಂದಳು. ಇದು ಅವಳ ಭ್ರಮೆಯಲ್ಲ. ಕನ್ನಡಿಯಲ್ಲಿ ಆ ಕಲೆ ಅವಳ ಎಡಗೈ ಕಡೆಗೆ ಕಾಣುತ್ತದೆ, ಫೋಟೊದಲ್ಲಿ ಬಲಗೈ ಕಡೆಗೆ. 1977ರಲ್ಲಿ ಅಮೆರಿಕದ ಮೂವರು ಮನೋವಿಜ್ಞಾನಿಗಳು ಯುವತಿಯರಿಗೆ ಅವರದೇ ಮುಖದ ನೇರ ಚಿತ್ರ, ಕನ್ನಡಿಯಲ್ಲಿ ಕಾಣುವಂತೆ ತಿರುಗಿಸಿದ ಚಿತ್ರ ಎರಡನ್ನೂ ಕೊಟ್ಟು ನೋಡಿದರು. ಹೆಚ್ಚಿನವರು ತಮಗೆ ಕನ್ನಡಿಯ ಮುಖವೇ ಹಿತ ಎಂದರು, ಅವರ ಆಪ್ತರು ನೇರ ಚಿತ್ರವೇ ಚೆನ್ನ ಎಂದರು. ದಿನವೂ ಕಂಡದ್ದು ಕಣ್ಣಿಗೆ ಒಗ್ಗಿರುತ್ತದೆ, ಅಷ್ಟೆ. (ಬೇಲೂರಿನ ದರ್ಪಣ ಸುಂದರಿಯನ್ನು ನಾವೆಲ್ಲ ಎಷ್ಟು ಸಲ ನೋಡಿದ್ದೇವೆ. ಅವಳು ಕನ್ನಡಿಯಲ್ಲಿ ಕಾಣುತ್ತಿರುವ ಮುಖವೂ ನಾವು ಕಾಣುವ ಮುಖವೂ ಒಂದೇ ಅಲ್ಲ.)

ಮಧುವಿಗೆ ಪ್ರಿಯವಾದ ಆ ಚಿತ್ರವನ್ನು ಮೊಬೈಲಿನಲ್ಲಿ ಎಡಬಲ ತಿರುಗಿಸಿ ಕೊಟ್ಟೆ. ಬಹಳ ಹೊತ್ತು ನೋಡಿದಳು. "ಇದು ನಾನು" ಎಂದಳು. ಆಮೇಲೆ ತಾನೇ ನಕ್ಕಳು. "ಹೀಗೆ ಅಚ್ಚು ಹಾಕಿಸಿದರೆ ಸೆರಗು ಬಲ ಹೆಗಲಿಗೆ ಬರುತ್ತದೆ ಮೇಡಂ. ನಮ್ಮ ಚಿಕ್ಕಮ್ಮಂದಿರು ಕಲೆ ಬಿಟ್ಟು ಅದನ್ನೇ ಹಿಡಿದುಕೊಳ್ಳುತ್ತಾರೆ."

ಮೂರನೆಯ ಭೇಟಿಯಲ್ಲಿ ಇಬ್ಬರಿಗೂ ಸಲಹೆ ಕೊಟ್ಟೆ. ಜೋಡಿ ಚಿತ್ರ ಎಂದಮೇಲೆ ಇಬ್ಬರಿಗೂ ಬೇಡವೆನ್ನುವ ಹಕ್ಕಿರುತ್ತದೆ. ಒಬ್ಬರು ಬೇಡವೆಂದ ಚಿತ್ರ ಎಷ್ಟೇ ಚೆನ್ನಾಗಿದ್ದರೂ ಬೋರ್ಡಿಗೆ ಹೋಗಕೂಡದು, ಕಾರಣ ಹೇಳೆಂದು ಒತ್ತಾಯಿಸಲೂಬಾರದು. ಮುಖ ತಿದ್ದುವ ವಿಚಾರದಲ್ಲಿ ಫೋಟೊಗ್ರಾಫರ್ ಇವರಿಬ್ಬರನ್ನು ಬಿಟ್ಟು ಬೇರೆ ಯಾರ ಮಾತನ್ನೂ ಕೇಳಬೇಕಿಲ್ಲ, ಅದನ್ನು ಅವರಿಗೆ ಇವತ್ತೇ ಬರೆದು ತಿಳಿಸಿ ಎಂದೆ. ತಾಯಿಯ ಜೊತೆ ಮಾತನಾಡಬೇಕಾದವನು ಮಧು. ಹೊಸದಾಗಿ ಮನೆಗೆ ಬರುವವಳ ಬಾಯಿಂದ ಆ ಮಾತು ಹೊರಟರೆ ಹತ್ತು ವರ್ಷ ಉಳಿಯುತ್ತದೆ. ತಾಯಿ ಕೆಟ್ಟವರೇನಲ್ಲ. ಧಾರೆಯ ಹೊತ್ತಿನಲ್ಲಿ ಯಾರಾದರೂ "ಹುಡುಗಿಯ ಮುಖಕ್ಕೆ ಏನಾಗಿದೆ?" ಎಂದು ಕೇಳಿಬಿಟ್ಟಾರೆಂಬ ಅಂಜಿಕೆ ಅವರದು. ಹಾಗಾಗಿ "ನೀವು ಮಾಡಿದ್ದು ತಪ್ಪು" ಎಂದು ಶುರುಮಾಡಬೇಡ, "ಅಮ್ಮಾ, ಯಾರಾದರೂ ಕೇಳಿದರೆ ಚಿಕ್ಕಂದಿನಲ್ಲಿ ಬಿಸಿನೀರು ಬಿತ್ತು ಎಂದುಬಿಡಿ, ಮುಗಿಯಿತು" ಎನ್ನು ಎಂದೆ. ಅದೇ ವಾಕ್ಯವನ್ನು ನನ್ನ ಮುಂದೆ ಎರಡು ಸಲ ಹೇಳಿಸಿದೆ. ಮೊದಲ ಸಲ ಅವನ ದನಿ ಭಾಷಣದ ಹಾಗಿತ್ತು.

ಲಗ್ನಪತ್ರಿಕೆಯಲ್ಲಿ ಫೋಟೊವನ್ನೇ ಬಿಟ್ಟು ಹಿರಿಯರ ಪದ್ಧತಿಯಂತೆ ಗಣಪತಿಯನ್ನಷ್ಟೇ ಹಾಕಿಸಿದರು. ಮಂಟಪದ ಬೋರ್ಡಿಗೆ ಅವಳ ಹನ್ನೊಂದರಲ್ಲಿ ಒಂದು. ಆ ನಗುವಿನ ಚಿತ್ರವನ್ನು ಇಟ್ಟುಕೊಳ್ಳಬಹುದೇ ಎಂದು ಮಧು ನನ್ನೆದುರೇ ಕೇಳಿದ. "ನಿಮ್ಮ ಮೊಬೈಲಿನಲ್ಲಿ ಇರಲಿ, ಸ್ಟೇಟಸ್‌ಗೆ ಬೇಡ" ಎಂದಳು.

ಮದುವೆಯಾದ ಒಂದು ತಿಂಗಳಿಗೆ ಚೈತ್ರಾ ಫೋನ್ ಮಾಡಿದಳು. ವಿವಾಹ ನೋಂದಣಿಗೆ ಉಪನೋಂದಣಾಧಿಕಾರಿ ಕಚೇರಿಗೆ ಕೊಡಲು ಜೋಡಿ ಫೋಟೊ ಬೇಕಾಗಿ ಸ್ಟುಡಿಯೊಗೆ ಹೋಗಿದ್ದರಂತೆ. ನೇರವಾಗಿ ಕೂರಿಸಿ ತೆಗೆದ ಹುಡುಗ "ಕಲೆ ತೆಗೆಯಲೇ ಮೇಡಂ?" ಎಂದನಂತೆ.

"ಬೇಡ ಎಂದೆ. ಬೋರ್ಡಿಗೆ ಬಲಗೆನ್ನೆ ಸಾಕಿತ್ತು, ಸರ್ಕಾರಕ್ಕೆ ಎರಡೂ ಇರಲಿ."