ಗೃಹಸಾಲ: ಕಟ್ಟಿದ್ದೆಷ್ಟು, ತೀರಿದ್ದೆಷ್ಟು?

ಈ ಸಲ ಬಂದ ಪ್ರಶ್ನೆಗಳಲ್ಲಿ ಹೆಚ್ಚಿನವು ಮನೆ ಸಾಲದ್ದೇ. ಒಬ್ಬೊಬ್ಬರ ಸಾಲದ ಮೊತ್ತ ಬೇರೆ, ಬಡ್ಡಿ ಬೇರೆ. ಹಾಗಾಗಿ ಎಲ್ಲ ಉತ್ತರಕ್ಕೂ ಒಂದೇ ಉದಾಹರಣೆ ಇಟ್ಟುಕೊಂಡಿದ್ದೇನೆ: 50 ಲಕ್ಷ ಸಾಲ, ವರ್ಷಕ್ಕೆ ಶೇ. 8.5 ಬಡ್ಡಿ, 20 ವರ್ಷದ ಅವಧಿ. ತಿಂಗಳ ಕಂತು 43,391. ನಿಮ್ಮ ಸಾಲ ಇದರ ಅರ್ಧ ಇದ್ದರೆ ಹಣದ ಅಂಕಿಗಳನ್ನೆಲ್ಲ ಅರ್ಧ ಮಾಡಿಕೊಳ್ಳಿ. ತಿಂಗಳುಗಳ ಲೆಕ್ಕ ಮಾತ್ರ ಹಾಗೇ ಇರುತ್ತದೆ.

ಐದು ವರ್ಷದಿಂದ ಒಂದು ಕಂತೂ ತಪ್ಪಿಸದೆ ಕಟ್ಟುತ್ತಿದ್ದೇನೆ. ಮೊನ್ನೆ ಸ್ಟೇಟ್‌ಮೆಂಟ್ ತೆಗೆಸಿ ನೋಡಿದರೆ ಅಸಲು ಇಳಿದೇ ಇಲ್ಲ ಅನ್ನುವ ಹಾಗಿದೆ. ಬ್ಯಾಂಕಿನವರು ಏನಾದರೂ ತಪ್ಪು ಮಾಡಿದ್ದಾರಾ ಸರ್?

ಬಹುಶಃ ಇಲ್ಲ. ಈ ಸಾಲದ ಸ್ವಭಾವವೇ ಹಾಗೆ. ಮೊದಲ ಕಂತನ್ನು ಬಿಡಿಸಿ ನೋಡಿದರೆ ಸಾಕು, ಗೊತ್ತಾಗುತ್ತದೆ.

50 ಲಕ್ಷಕ್ಕೆ ಶೇ. 8.5 ಅಂದರೆ ವರ್ಷಕ್ಕೆ 4,25,000 ಬಡ್ಡಿ. ತಿಂಗಳಿಗೆ 35,417. ನೀವು ಕಟ್ಟುವ 43,391ರಲ್ಲಿ ಬ್ಯಾಂಕು ಮೊದಲು ತನ್ನ ಬಡ್ಡಿ ಹಿಡಿದುಕೊಳ್ಳುತ್ತದೆ. ಉಳಿದ 7,974 ಮಾತ್ರ ಅಸಲಿಗೆ ಜಮಾ. ಎರಡನೇ ತಿಂಗಳು ಬಾಕಿ 49,92,026. ಅದರ ಬಡ್ಡಿ ಮೊದಲಿಗಿಂತ 56 ಕಡಿಮೆ, ಅಸಲಿಗೆ ಹೋಗುವುದು 56 ಜಾಸ್ತಿ. ಅಷ್ಟೇ! ಇರುವೆ ನಡಿಗೆ.

ಹೀಗೆ ಐದು ವರ್ಷ ನಡೆದರೆ ನೀವು ಒಟ್ಟು 26.03 ಲಕ್ಷ ಕಟ್ಟಿರುತ್ತೀರಿ. ಅದರಲ್ಲಿ ಬಡ್ಡಿಗೆ ಹೋಗಿದ್ದು 20.10 ಲಕ್ಷ, ಅಸಲಿಗೆ 5.94 ಲಕ್ಷ. ಇನ್ನೂ 44.06 ಲಕ್ಷ ಬಾಕಿ. ಸಾಲದ ಅರ್ಧ ತೀರುವುದು ಹತ್ತನೇ ವರ್ಷಕ್ಕೆ ಅಂತ ತುಂಬಾ ಜನ ಅಂದುಕೊಂಡಿರುತ್ತಾರೆ. ಅದು ತೀರುವುದು 166ನೇ ತಿಂಗಳಿಗೆ. ಅಂದರೆ 13 ವರ್ಷ 10 ತಿಂಗಳು.

ಸಲಹೆ ಕೇಳಲು ಬಂದ ಒಬ್ಬ ದಂಪತಿಗೆ ಒಮ್ಮೆ ಮರುಪಾವತಿ ಪಟ್ಟಿಯನ್ನು (ತಿಂಗಳಿಗೊಂದು ಸಾಲಿನಂತೆ, ಕಂತಿನಲ್ಲಿ ಬಡ್ಡಿಗೆಷ್ಟು, ಅಸಲಿಗೆಷ್ಟು ಅಂತ ತೋರಿಸುವ ಪಟ್ಟಿ) ಪ್ರಿಂಟ್ ಹಾಕಿ ಕೊಟ್ಟಿದ್ದೆ. ಹೆಂಡತಿ ಬೆರಳಿಟ್ಟುಕೊಂಡು ಒಂದೊಂದೇ ಸಾಲು ಇಳಿದರು. ಮೊದಲ ಹಾಳೆ ಮುಗಿಯಿತು, ಎರಡನೆಯದೂ ಮುಗಿಯಿತು. ಅಸಲಿನ ಅಂಕಿ ಬಡ್ಡಿಯ ಅಂಕಿಯನ್ನು ದಾಟಿದ್ದು 143ನೇ ಸಾಲಿನಲ್ಲಿ. "ಅಷ್ಟೊತ್ತಿಗೆ ಮಗಳು ಕಾಲೇಜಿಗೆ ಹೋಗ್ತಿರ್ತಾಳೆ ಅಲ್ವಾ?" ಅಂದರು. ಗಂಡ ಮಾತಾಡಲಿಲ್ಲ.

ನೀವೂ ಆ ಪಟ್ಟಿ ಕೇಳಿ ತೆಗೆದುಕೊಳ್ಳಿ. ಸಾಲದ ಒಪ್ಪಂದದಲ್ಲಿ ನಾನು ಮೊದಲು ನೋಡುವ ಕಾಗದವೇ ಅದು. ನಿಮ್ಮ ಸ್ಟೇಟ್‌ಮೆಂಟಿನ ಬಾಕಿ ಆ ಪಟ್ಟಿಯ 60ನೇ ಸಾಲಿಗೆ ಹೊಂದದೆ ಹೋದರೆ, ಆಗ ಬ್ಯಾಂಕಿಗೆ ಹೋಗಿ ಕೇಳಬೇಕು.

20 ವರ್ಷದ ಬದಲು 30 ವರ್ಷ ತೆಗೆದುಕೊಂಡರೆ ಕಂತು ಹಗುರವಾಗುತ್ತೆ ಅಂತ ಏಜೆಂಟ್ ಹೇಳುತ್ತಿದ್ದಾರೆ. ತೆಗೆದುಕೊಳ್ಳಲಾ?

ಎಷ್ಟು ಹಗುರ ಅಂತ ಕೇಳಿದಿರಾ? 30 ವರ್ಷಕ್ಕೆ ಕಂತು 38,446. ತಿಂಗಳಿಗೆ ಉಳಿಯುವುದು 4,945. ಆದರೆ ಒಟ್ಟು ಬಡ್ಡಿ 54.14 ಲಕ್ಷದಿಂದ 88.40 ಲಕ್ಷಕ್ಕೆ ಹಾರುತ್ತದೆ. 34 ಲಕ್ಷ ಜಾಸ್ತಿ!

ಕಾರಣ ಇಷ್ಟೇ. ಅಸಲನ್ನು ಮುಟ್ಟದೆ ಬರೀ ಬಡ್ಡಿ ಕಟ್ಟುತ್ತಾ ಕೂತರೂ ತಿಂಗಳಿಗೆ 35,417 ಬೇಕೇ ಬೇಕು. ಅವಧಿಯನ್ನು ನೂರು ವರ್ಷಕ್ಕೆ ಎಳೆದರೂ ಕಂತು ಅದಕ್ಕಿಂತ ಕೆಳಗೆ ಇಳಿಯುವುದಿಲ್ಲ. 30 ವರ್ಷದ ಕಂತು ಆಗಲೇ ಆ ನೆಲದ ಹತ್ತಿರ ಬಂದು ನಿಂತಿದೆ. ಮೂರು ಸಾವಿರ ಚಿಲ್ಲರೆ ಮಾತ್ರ ಮೇಲೆ. ಅವಧಿ ಉದ್ದ ಆದಷ್ಟೂ ಕಂತಿನಲ್ಲಿ ಸಿಗುವ ಲಾಭ ಸಣ್ಣದಾಗುತ್ತಾ, ಬಡ್ಡಿ ದೊಡ್ಡದಾಗುತ್ತಾ ಹೋಗುತ್ತದೆ.

ಈಗ ಉಲ್ಟಾ ದಿಕ್ಕಿಗೆ ಹೋಗಿ. 15 ವರ್ಷಕ್ಕೆ ಕಂತು 49,237, ಒಟ್ಟು ಬಡ್ಡಿ 38.63 ಲಕ್ಷ. ತಿಂಗಳಿಗೆ 5,846 ಜಾಸ್ತಿ ಕಟ್ಟಿದರೆ 15 ಲಕ್ಷಕ್ಕೂ ಹೆಚ್ಚು ಬಡ್ಡಿ ಉಳಿಯಿತು. ಜನ ಶೇ. 0.1 ಬಡ್ಡಿಗಾಗಿ ನಾಲ್ಕು ಬ್ಯಾಂಕ್ ಅಲೆಯುತ್ತಾರೆ. ಅವಧಿಯ ಖಾನೆಯನ್ನು ಮಾತ್ರ ಎದುರಿಗೆ ಕೂತವರು ತುಂಬಿಕೊಳ್ಳಲಿ ಅಂತ ಬಿಟ್ಟುಬಿಡುತ್ತಾರೆ. ನನಗೆ ಇವತ್ತಿಗೂ ಅರ್ಥವಾಗದ ವಿಷಯ ಇದು.

ಆದರೂ ಒಂದು ಮಾತಿದೆ. ನಿಮ್ಮ ಆದಾಯ ಏರುಪೇರಿನದ್ದಾಗಿದ್ದು, ಮುಂಚಿತವಾಗಿ ಹಣ ಕಟ್ಟಲು ದಂಡ ಇಲ್ಲದಿದ್ದರೆ, ಉದ್ದದ ಅವಧಿ ತೆಗೆದುಕೊಂಡು ಕೈಲಿ ಇದ್ದಾಗ ಜಾಸ್ತಿ ಕಟ್ಟುವುದು ತಪ್ಪಲ್ಲ. ಕಷ್ಟದ ತಿಂಗಳಲ್ಲಿ ಚಿಕ್ಕ ಕಂತು ಕೈ ಹಿಡಿಯುತ್ತದೆ. ಜಾಸ್ತಿ ಕಟ್ಟುವ ಶಿಸ್ತು ನಿಮಗೆ ಇದೆಯಾ ಅನ್ನುವುದನ್ನು ನೀವೇ ಹೇಳಬೇಕು.

ನಮ್ಮದು ಫ್ಲೋಟಿಂಗ್ ಸಾಲ, ಅಂದರೆ ಬಡ್ಡಿ ದರ ಮಧ್ಯೆ ಏರಿಳಿಯುವಂಥದ್ದು. ಬಡ್ಡಿ ಏರಿತು ಅಂತ ಸುದ್ದಿ ಬಂತು, ಆದರೆ ನಮ್ಮ ಕಂತು ಮಾತ್ರ ಏರಲಿಲ್ಲ. ಬಚಾವಾದೆವು ಅಲ್ವಾ?

ಅವಧಿ ನೋಡಿದಿರಾ? ಕಂತು ಹಾಗೇ ಇದೆ ಅಂದರೆ ಬೇರೆ ಏನೋ ಅಲುಗಾಡಿದೆ ಅಂತಲೇ ಅರ್ಥ.

ನಮ್ಮ ಉದಾಹರಣೆಯಲ್ಲಿ ಒಂದು ವರ್ಷ ಕಟ್ಟಿದ ಮೇಲೆ ಬಾಕಿ 49 ಲಕ್ಷ, ಉಳಿದ ಕಂತು 228. ಆಗ ಬಡ್ಡಿ ಶೇ. 8.5ರಿಂದ 9.5ಕ್ಕೆ ಏರಿತು ಅಂತ ಇಟ್ಟುಕೊಳ್ಳಿ. ಕಂತು 43,391ರಲ್ಲೇ ನಿಂತರೆ ಉಳಿದ ಕಂತುಗಳು 285 ಆಗುತ್ತವೆ. ಸುಮಾರು ನಾಲ್ಕು ಮುಕ್ಕಾಲು ವರ್ಷ ಜಾಸ್ತಿ. ಹಣದಲ್ಲಿ ಹೇಳಬೇಕೆಂದರೆ 24.6 ಲಕ್ಷ. ಅದರ ಬದಲು ಕಂತನ್ನೇ 46,498ಕ್ಕೆ ಏರಿಸಿಕೊಂಡರೆ ಸಾಲ ಹಳೆಯ ದಿನಕ್ಕೇ ಮುಗಿಯುತ್ತದೆ. ಆಗ ಒಟ್ಟು ಜಾಸ್ತಿ ಆಗುವುದು 7 ಲಕ್ಷ ಚಿಲ್ಲರೆ. ತಿಂಗಳಿಗೆ 3,107 ತಡೆದುಕೊಳ್ಳಲು ಆಗುತ್ತಾ ಅನ್ನುವುದೊಂದೇ ಪ್ರಶ್ನೆ. ಆಗುತ್ತೆ ಅಂದರೆ ಎರಡನೇ ಯೋಚನೆ ಬೇಡ, ಕಂತು ಏರಿಸಿ ಅಂತ ಬರೆದು ಕೊಡಿ.

ಇನ್ನೂ ಏರಿದರೆ? ಅದೇ 49 ಲಕ್ಷಕ್ಕೆ ಶೇ. 10.5 ಆದರೆ ಆ ತಿಂಗಳ ಬಡ್ಡಿಯೇ 42,879. ಅಸಲಿಗೆ 512 ಬಿದ್ದರೆ ಹೆಚ್ಚು. ಶೇ. 11 ಆದರೆ ಬಡ್ಡಿ 44,921, ಕಂತಿಗಿಂತ ಜಾಸ್ತಿ. ಆಗ ನೀವು ತಪ್ಪದೆ ಕಟ್ಟುತ್ತಿದ್ದರೂ ಸಾಲ ಬೆಳೆಯುತ್ತದೆ. ಅಷ್ಟು ಹೊತ್ತಿಗೆ ಬ್ಯಾಂಕೇ ಕಂತು ಏರಿಸಿ ಅಂತ ಹೇಳಿ ಕಳಿಸುತ್ತದೆ ಅನ್ನಿ. ಆದರೆ ಅಲ್ಲಿಯವರೆಗೆ ಕಾಯುವುದೇ ದುಬಾರಿ.

ಬಡ್ಡಿ ಅಷ್ಟೆಲ್ಲ ಏರುತ್ತಾ ಅಂತ ಕೇಳಬಹುದು. ಅಮೆರಿಕದಲ್ಲಿ 30 ವರ್ಷದ ಗೃಹಸಾಲದ ಸರಾಸರಿ ದರ 1981ರ ಅಕ್ಟೋಬರ್‌ನಲ್ಲಿ ಶೇ. 18 ದಾಟಿತ್ತು. ಅದೇ ದರ 2021ರ ಜನವರಿಯಲ್ಲಿ ಶೇ. 3ಕ್ಕಿಂತ ಕೆಳಗಿತ್ತು. ಅಲ್ಲಿ ಇಂಥ ಸಾಲ ಹೆಚ್ಚಾಗಿ ಸ್ಥಿರ ದರದ್ದು, ಸಾಲ ತೆಗೆದುಕೊಂಡ ದಿನದ ದರವೇ ಕೊನೆವರೆಗೂ. ಫ್ಲೋಟಿಂಗ್ ಸಾಲಗಾರನಿಗೆ ಆ ಆಸರೆ ಇಲ್ಲ. ದರ ಇಳಿದಾಗ ಲಾಭ ಅವನದ್ದು, ಏರಿದಾಗ ಹೊರೆಯೂ ಅವನದ್ದೇ.

ಒಬ್ಬರು ಶೇ. 5ಕ್ಕೆ ಸಾಲ ಕೊಡುತ್ತೇವೆ ಅನ್ನುತ್ತಿದ್ದಾರೆ. 'ಫ್ಲಾಟ್ ರೇಟ್' ಅಂತೆ. ಇದು ಅಗ್ಗ ತಾನೇ?

ಕೇಳಿಸುವಷ್ಟು ಅಗ್ಗ ಅಲ್ಲ. ಫ್ಲಾಟ್ ಅಂದರೆ 20 ವರ್ಷವೂ ಪೂರ್ತಿ 50 ಲಕ್ಷಕ್ಕೇ ಬಡ್ಡಿ. ನೀವು ಅರ್ಧ ತೀರಿಸಿದ ಮೇಲೂ ಲೆಕ್ಕ ಹಾಕುವುದು 50 ಲಕ್ಷಕ್ಕೇ! ಒಟ್ಟು ಬಡ್ಡಿ 50 ಲಕ್ಷ, ಕಂತು 41,667. ಇಳಿಯುವ ಬಾಕಿಯ ಲೆಕ್ಕದಲ್ಲಿ ಇದು ಸುಮಾರು ಶೇ. 8ಕ್ಕೆ ಸಮ. ದರ ಕೇಳಿದ ತಕ್ಷಣ 'ಯಾವ ಬಾಕಿಯ ಮೇಲೆ?' ಅಂತ ಮರುಪ್ರಶ್ನೆ ಹಾಕಿ.

ಕೈಗೆ 1 ಲಕ್ಷ ಬಂದಿದೆ. ಸಾಲ ಶುರುವಾಗಿ ಒಂದು ವರ್ಷ ಆಯಿತು. ಈಗಲೇ ಕಟ್ಟಲಾ, ಆಮೇಲೆ ಕಟ್ಟಲಾ? ಕಟ್ಟಿದರೆ ಕಂತು ಇಳಿಸಿಕೊಳ್ಳಬೇಕಾ?

ಈಗಲೇ ಕಟ್ಟಿ. ಕಂತು ಇಳಿಸಿಕೊಳ್ಳಬೇಡಿ.

ಒಂದು ವರ್ಷ ಮುಗಿದಾಗ 1 ಲಕ್ಷ ಕಟ್ಟಿ, ಕಂತು ಹಾಗೇ ಇಟ್ಟರೆ ಕೊನೆಯ 11 ತಿಂಗಳ ಕಂತುಗಳು ಹೊರಟೇ ಹೋಗುತ್ತವೆ. ಉಳಿಯುವ ಬಡ್ಡಿ ಸುಮಾರು 3.8 ಲಕ್ಷ. ಅದೇ 1 ಲಕ್ಷವನ್ನು 15 ವರ್ಷ ಆದ ಮೇಲೆ ಕಟ್ಟಿದರೆ ಹೋಗುವುದು ಮೂರೂವರೆ ತಿಂಗಳು, ಉಳಿಯುವುದು ಸುಮಾರು 51,000. ಹಣ ಅದೇ, ಅದು ತಡೆಯುವ ಬಡ್ಡಿಯ ವರ್ಷಗಳು ಮಾತ್ರ ಕಡಿಮೆ.

ಇಲ್ಲೊಂದು ಸೂಕ್ಷ್ಮ ಇದೆ. ಹಣ ಕಟ್ಟುವಾಗ ಒಂದು ಅರ್ಜಿ ಕೊಡುತ್ತಾರೆ. ಅದರಲ್ಲಿ 'ಕಂತು ಕಡಿಮೆ' ಮತ್ತು 'ಅವಧಿ ಕಡಿಮೆ' ಅಂತ ಎರಡು ಚೌಕ ಇರುತ್ತವೆ. ಕಂತು ಕಡಿಮೆ ಅಂತ ಟಿಕ್ ಹಾಕಿದರೆ ತಿಂಗಳಿಗೆ 885 ಇಳಿಯುತ್ತದೆ, ಒಟ್ಟು ಉಳಿತಾಯ 1 ಲಕ್ಷ ಚಿಲ್ಲರೆ. ಅವಧಿ ಕಡಿಮೆ ಅಂದರೆ 3.8 ಲಕ್ಷ. ಇಷ್ಟು ವ್ಯತ್ಯಾಸ ಒಂದು ಟಿಕ್‌ನಲ್ಲಿ ಇದೆ. ಮುಂದಿನ ತಿಂಗಳ ಸ್ಟೇಟ್‌ಮೆಂಟಿನಲ್ಲಿ ಅದು ಸರಿಯಾಗಿ ಬಂದಿದೆಯಾ ಅಂತಲೂ ನೋಡಿ.

ಕಟ್ಟುವ ಮುಂಚೆ ಎರಡು ಎಚ್ಚರಿಕೆ. ಆಪತ್ತಿಗೆ ಅಂತ ಇಟ್ಟ ಹಣವನ್ನು ಇದಕ್ಕೆ ಹಾಕಬೇಡಿ, ಗೋಡೆಯಿಂದ ಅದನ್ನು ವಾಪಸ್ ತೆಗೆಯಲು ಬರುವುದಿಲ್ಲ. ಕ್ರೆಡಿಟ್ ಕಾರ್ಡಿನಂಥ ದುಬಾರಿ ಸಾಲ ಇದ್ದರೆ ಅದನ್ನು ಮೊದಲು ಮುಗಿಸಿ. ಇನ್ನು 'ತೆರಿಗೆ ಉಳಿಯುತ್ತೆ, ಸಾಲ ಇರಲಿ ಬಿಡಿ' ಅನ್ನುವವರು ಸಿಗುತ್ತಾರೆ. ನೂರು ಬಡ್ಡಿ ಕಟ್ಟಿ ಮೂವತ್ತು ತೆರಿಗೆ ಉಳಿಸಿದರೂ ಎಪ್ಪತ್ತು ಹೋಯಿತಲ್ಲ?

ಒಂದು ಬ್ಯಾಂಕ್ ಶೇ. 8.5 ಅನ್ನುತ್ತೆ, 50,000 ಶುಲ್ಕ. ಇನ್ನೊಂದು ಶೇ. 8.6, ಶುಲ್ಕ ಇಲ್ಲ. ಯಾವುದು ವಾಸಿ?

ನೀವು ಎಷ್ಟು ವರ್ಷಕ್ಕೆ ಸಾಲ ಮುಗಿಸುತ್ತೀರಿ ಅನ್ನುವುದರ ಮೇಲಿದೆ. ಎರಡನೆಯದರ ಕಂತು 43,708, ಅಂದರೆ ತಿಂಗಳಿಗೆ 317 ಜಾಸ್ತಿ. ಪೂರ್ತಿ 20 ವರ್ಷ ಕಟ್ಟಿದರೆ ಮೊದಲನೆಯದು ಅಗ್ಗ. ಎಂಟು ವರ್ಷಕ್ಕೆ ಮನೆ ಮಾರುವ ಅಥವಾ ಸಾಲ ಮುಗಿಸುವ ಅಂದಾಜು ಇದ್ದರೆ ಶುಲ್ಕವಿಲ್ಲದ್ದೇ ವಾಸಿ. ಶುಲ್ಕಗಳನ್ನೂ ಸೇರಿಸಿ ವರ್ಷದ ದರ ಹೇಳುವ ಎಪಿಆರ್ ಎಂಬ ಅಂಕಿ ಇದೆ, ಕೇಳಿ ಪಡೆಯಿರಿ. ಆದರೆ ಅದು ಸಾಮಾನ್ಯವಾಗಿ ಪೂರ್ತಿ ಅವಧಿಗೆ ಹಾಕಿದ ಲೆಕ್ಕ ಅನ್ನುವುದು ನೆನಪಿರಲಿ.

ಶುಲ್ಕಕ್ಕಿಂತ ನನಗೆ ಹೆಚ್ಚು ಅನುಮಾನ ಇರುವುದು ಸಾಲದ ಜೊತೆ ಕಟ್ಟಿಕೊಡುವ ವಿಮೆಯ ಮೇಲೆ. 'ಪ್ರೀಮಿಯಂ 1.5 ಲಕ್ಷ, ಕೈಯಿಂದ ಕೊಡಬೇಡಿ, ಸಾಲಕ್ಕೇ ಸೇರಿಸುತ್ತೇವೆ' ಅನ್ನುತ್ತಾರೆ. ಕಂತು 1,302 ಏರುತ್ತದೆ. 20 ವರ್ಷದಲ್ಲಿ ಆ 1.5 ಲಕ್ಷದ ವಿಮೆಗೆ 3.12 ಲಕ್ಷ ಕಟ್ಟಿರುತ್ತೀರಿ. ದುಡಿಯುವವರ ಮೇಲೆ ವಿಮೆ ಬೇಕು, ಅದರಲ್ಲಿ ಎರಡು ಮಾತಿಲ್ಲ. ಬೇರೆ ಕಡೆ ವಿಚಾರಿಸಿ, ಸಾಲಕ್ಕೆ ಸೇರಿಸದೆ ತೆಗೆದುಕೊಳ್ಳಿ.

50 ಲಕ್ಷಕ್ಕೆ 1.04 ಕೋಟಿ ಕಟ್ಟಬೇಕು ಅಂತ ಗೊತ್ತಾದ ಮೇಲೆ ನಿದ್ದೆ ಬರುತ್ತಿಲ್ಲ. ಸಾಲವೇ ಬೇಡ ಅನಿಸುತ್ತಿದೆ.

ನಿದ್ದೆ ಮಾಡಿ. ಆ ಅಂಕಿ ನಿಜ, ಆದರೆ ಅದನ್ನು ಇವತ್ತಿನ ಹಣದ ಹಾಗೆ ಓದಬಾರದು.

ಬೆಲೆಗಳು ವರ್ಷಕ್ಕೆ ಶೇ. 5ರಂತೆ ಏರುತ್ತವೆ ಅಂತ ಇಟ್ಟುಕೊಳ್ಳೋಣ. ಆಗ ನಿಮ್ಮ ಕೊನೆಯ 43,391ರ ಬೆಲೆ ಇವತ್ತಿನ ಸುಮಾರು 16,000ಕ್ಕೆ ಸಮ. 240 ಕಂತುಗಳನ್ನೂ ಹೀಗೆ ಇವತ್ತಿನ ಬೆಲೆಗೆ ತಂದು ಕೂಡಿದರೆ 1.04 ಕೋಟಿ ಅಲ್ಲ, ಸುಮಾರು 66 ಲಕ್ಷ. ಅಂದರೆ ಸಾಲದ ಖರ್ಚು 16 ಲಕ್ಷದಷ್ಟು. ಅದೂ ಸಣ್ಣದಲ್ಲ, ಆದರೆ 54 ಲಕ್ಷವೂ ಅಲ್ಲ. ನಿಮ್ಮ ಸಂಬಳ ಬೆಲೆಗಳ ಜೊತೆ ಏರಿದರೆ ಮಾತ್ರ ಈ ಲೆಕ್ಕ. ಸಂಬಳ ನಿಂತಲ್ಲೇ ನಿಂತರೆ ಕೊನೆಯ ಕಂತೂ ಮೊದಲಿನಷ್ಟೇ ಭಾರ.

ಬಾಡಿಗೆ ಉಳಿಯುವುದನ್ನು ಒಂದು ಕಡೆ ಬರೆದುಕೊಳ್ಳಿ. ಇನ್ನೊಂದು ಕಡೆ ಮನೆಯ ತೆರಿಗೆ, ವಿಮೆ, ರಿಪೇರಿ. ರಿಪೇರಿಗೆ ವರ್ಷಕ್ಕೆ ಮನೆ ಬೆಲೆಯ ಶೇ. 1 ತೆಗೆದಿಡಿ ಅನ್ನುವುದು ಹಳೆಯ ಅಂದಾಜು. ಹೊಸ ಮನೆಗೆ ಅದು ಹೆಚ್ಚಾಯಿತು, ಹಳೆಯ ಮನೆಗೆ ಸಾಲದು. ಬಾಡಿಗೆ ಮನೆಯಲ್ಲಿ ಚಾವಣಿ ಸೋರಿದರೆ ಮಾಲೀಕರಿಗೆ ಫೋನ್ ಮಾಡುತ್ತಿದ್ದಿರಿ. ಈಗ ಆ ಫೋನ್ ನಿಮಗೇ ಬರುತ್ತದೆ.

ಮುಂದಿನ ತಿಂಗಳು ಕೊನೆಯ ಕಂತು. ಇನ್ನೇನಾದರೂ ಖರ್ಚು ಇದೆಯಾ?

ಶುಭಾಶಯ! ಸಣ್ಣಪುಟ್ಟದ್ದು ಇರಬಹುದು. ಸಾಲ ತೀರಿದ ಪತ್ರ ಮತ್ತು ನೀವು ಇಟ್ಟಿದ್ದ ಮೂಲ ದಾಖಲೆಗಳನ್ನು ಪಟ್ಟಿಯ ಜೊತೆ ತಾಳೆ ನೋಡಿ ವಾಪಸ್ ಪಡೆಯಿರಿ. ನೋಂದಣಿ ದಾಖಲೆಯಲ್ಲಿ ಅಡಮಾನ ಕಾಣಿಸುತ್ತಿದ್ದರೆ ಅದನ್ನು ತೆಗೆಸಲು ಒಂದಿಷ್ಟು ಶುಲ್ಕ, ಒಂದೆರಡು ಓಡಾಟ. ಮುಂದಕ್ಕೆ ಹಾಕಬೇಡಿ. ಮನೆ ಮಾರಲು ಹೊರಟಾಗ ಹಳೆಯ ಅಡಮಾನ ಎದ್ದು ಕೂತು ವ್ಯಾಪಾರ ನಿಲ್ಲಿಸಿದ್ದನ್ನು ನೋಡಿದ್ದೇನೆ. ಮತ್ತೆ, ಕಂತಿಗೆ ಅಂತ ಬ್ಯಾಂಕ್ ಖಾತೆಗೆ ಕೊಟ್ಟ ಆಟೋ ಡೆಬಿಟ್ ಆದೇಶವನ್ನು ನಿಲ್ಲಿಸಲು ಮರೆಯಬೇಡಿ.