ಬರೆಯೋರ ಪ್ರಶ್ನೆ, ಅಕ್ಕನ ಉತ್ತರ: ಹಗಲಿನ ಮಾತು ರಾತ್ರಿ ಕೇಳೋ ನಾಡು

ಪ್ರಶ್ನೆ: ಅಕ್ಕಾ ನಮಸ್ಕಾರ್ರಿ. ನಾ ಚಿಂಚೋಳಿ ಕಡಿಯಾಕಿ, ಈಗ ಕಲಬುರಗಿ ಹಾಸ್ಟೆಲ್‌ನಾಗ ಇದ್ದು ಎಂ.ಎ. ಓದ್ಲತ್ತೀನಿ. ಒಂದು ಫ್ಯಾಂಟಸಿ ಕಾದಂಬರಿ ಬರೀಲತ್ತೀನ್ರಿ. ಕರಿಹಾಸು ಅಂತ ನಾಡು, ಪೂರಾ ಕರಿಕಲ್ಲಿನ ನೆಲ. ಅಲ್ಲಿ ಹಗಲೊತ್ತು ಆಡಿದ ಮಾತು ಯಾರಿಗೂ ಕೇಳ್ಸಂಗಿಲ್ಲ, ರಾತ್ರಿ ಕಲ್ಲು ತಣ್ಣಗಾದ ಮ್ಯಾಲೆ ಅದೇ ಮಾತು ನೆಲದಾಗಿಂದ ಹೊರಗ ಬರ್ತದ, ಅದಕ್ಕ ಅಲ್ಲಿ ಮಂದಿ ತಡದನಿ ಅಂತಾರ. ಗೆಳತ್ಯಾರಿಗೆ ಓದಿ ಹೇಳಿದ್ರ ಲಾಜಿಕ್ಕೇ ಇಲ್ಲ ಅಂತಾರ, ಒಬ್ಬಾಕಿ ಅಂತೂ ಇದು ನಿಮ್ಮ ಕಡಿ ಗಡಿಕೇಶ್ವಾರ ಊರಿನ ಭೂಮಿ ಸದ್ದಿಂದೇ ಕಥಿ ಅಲ್ಲೇನ ಅಂದ್ಲು. ಓದೋರು ನಂಬಬೇಕಂದ್ರ ಏನ್ ಮಾಡ್ಲಿ?

ಉತ್ತರ: ತಂಗಿ, ಈ ಕಲ್ಪನೆ ಬಿಡಬ್ಯಾಡ. ಅರ್ಧ ಲಾಜಿಕ್ ನಮ್ಮ ಬ್ಯಾಸಿಗಿಯಾಗೇ ಅದ. ಗಾಳಿ 20 ಡಿಗ್ರಿ ಇದ್ದಾಗ ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಓಡ್ತದ, ಒಂದೊಂದು ಡಿಗ್ರಿ ಏರಿದಂಗ ಹತ್ರಹತ್ರ 0.6 ಮೀಟರ್ ಜಾಸ್ತಿ ಆಗ್ತದ, ಅಂದ್ರ ಕಲಬುರಗಿ ಮೇ ತಿಂಗಳ 42 ಡಿಗ್ರಿ ಬಿಸಲಾಗ 356 ದಾಟ್ತದ. ಈಗ ನೋಡು, ಹಗಲೊತ್ತು ನೆಲ ಕಾದು ನೆಲಕ್ಕ ಹತ್ತಿದ ಗಾಳಿ ಮ್ಯಾಲಿನ ಗಾಳಿಗಿಂತ ಬಿಸಿ ಇರ್ತದ, ಹಿಂಗಾಗಿ ಸದ್ದಿನ ಅಲಿ ಕೆಳಗ ಜೋರು ಮ್ಯಾಲೆ ನಿಧಾನ ಓಡಿ ಮುಗಿಲ ಕಡಿ ಬಾಗಿಬಿಡ್ತದ, ದೂರ ನಿಂತೋರ ಕಿವಿಗೆ ಮುಟ್ಟೋದೇ ಇಲ್ಲ. ರಾತ್ರಿ ನೆಲ ಮೊದ್ಲು ತಣ್ಣಗಾಗ್ತದಲ್ಲ, ಆಗ ಎಲ್ಲಾ ಉಲ್ಟಾ, ಸದ್ದು ಕೆಳಗ ಬಾಗ್ತದ. ಹಗಲೊತ್ತು ಕೇಳದ ರೈಲಿನ ಹಾರ್ನ್ ರಾತ್ರಿ ಮಾಳಗಿ ಮ್ಯಾಲೆ ಮಲಗಿದಾಗ ಇಲ್ಲೇ ಮಗ್ಗಲಾಗ ಹೊಡದಂಗ ಕೇಳೋದು ಇದಕ್ಕೇ, ಊರು ಸುಮ್ಮಗಾಗಿರ್ತದ ಅನ್ನೋದೂ ಖರೇ. ನಿನ್ನ ಕರಿಹಾಸು ಅಂದ್ರ ಇದನ್ನೇ ಇನ್ನೊಂದಿಷ್ಟು ಮುಂದಕ್ಕ ಎಳದಿದ್ದು.

ಇಲ್ಲಿಂದ ಮುಂದ ಸುಳ್ಳು ಬೇಕು. ಮಾತು ಹನ್ನೆರಡು ತಾಸು ತಡಾ ಆಗಿ ಬರಬೇಕಂದ್ರ ಅಷ್ಟೊತ್ತಿನಾಗ ಸದ್ದು ಸುಮಾರು 14,800 ಕಿಲೋಮೀಟರ್ ತಿರುಗಿ ಬಂದಿರ್ಬೇಕು. 1883ರಾಗ ಕ್ರಾಕಟೋವಾ ಜ್ವಾಲಾಮುಖಿ ಸಿಡಿದಾಗ ಆ ಸದ್ದು 4,800 ಕಿಲೋಮೀಟರ್ ದೂರದ ರಾಡ್ರಿಗಸ್ ದ್ವೀಪದಾಗ ಕೇಳ್ತು, ಹೋಗ್ಲಿಕ್ಕ ನಾಕು ತಾಸು ಹಿಡೀತು. ಮನುಷಾರ ದನಿಗೆ ಅಷ್ಟು ದಮ್ಮು ಎಲ್ಲಿಂದ? ಅದಕ್ಕ ಕರಿಹಾಸಿನ ಕಲ್ಲು ಸದ್ದನ್ನ ಹಿಡಿದು ಇಟ್ಕೋತದ ಅಂತ ಹೇಳಿಬಿಡು, ಯಾಕ ಹ್ಯಾಂಗ ಅಂತ ವಿವರಿಸ್ಲಿಕ್ಕ ಹೋಗಬ್ಯಾಡ. ಅದೊಂದೇ ಸುಳ್ಳು. ಉಳದಿದ್ದೆಲ್ಲಾ ಖರೇ ಜಗತ್ತಿನ ಸದ್ದು ಹ್ಯಾಂಗ ನಡಕೋತದೋ ಹಂಗೇ ನಡೀಲಿ, ಆಗ ಓದೋರು ಆ ಒಂದು ಸುಳ್ಳನ್ನ ತಾವಾಗೇ ಒಪ್ಕೋತಾರ.

ನನಗ ಭಾಳ ಆಸೆ ಹುಟ್ಟಿದ್ದು ಇಲ್ಲೇ. ಸದ್ದು ದೂರ ಹೋದಂಗ ಸಣ್ಣ ದನಿ, ಚೂಪು ದನಿ ಗಾಳಿಯಾಗ ಮೊದ್ಲು ಸಾಯ್ತದ, ದಪ್ಪ ದನಿ ಉಳೀತದ, ಗ್ವಾಡಿ ದಾಟೋದೂ ದಪ್ಪ ದನಿನೇ. ಅದನ್ನೇ ನಿನ್ನ ಕಲ್ಲಿಗೂ ಹಚ್ಚು. ಹಂಗಾದ್ರ ರಾತ್ರಿ ಡೊಳ್ಳು ತಿರುಗಿ ಬರ್ತದ, ಗೌಡರ ಜಗಳ ಬರ್ತದ, ಬಳಿ ಸದ್ದು ಬರಂಗಿಲ್ಲ, ಕೂಸಿನ ನಗು ಬರಂಗಿಲ್ಲ. ತಾಯಿ ದಿನಾ ಹೊತ್ತು ಮುಳುಗಿದ ಮ್ಯಾಲೆ ಕಲ್ಲಿಗೆ ಕಿವಿ ಹಚ್ಚಿ ಕುಂಡ್ರ್ತಾಳ, ಗಂಡನ ಮಾತು ಸಿಗ್ತದ, ಮಗಳ ಮಾತು ಸಿಗಂಗಿಲ್ಲ, ಮಗಳು ದೊಡ್ಡಾಕಿ ಆಗೋತನಕ ಆಕಿ ದನಿ ಹ್ಯಾಂಗದ ಅಂತೇ ತಾಯಿಗೆ ಗೊತ್ತಿಲ್ಲ. ಇದನ್ನ ಬರಿ ತಂಗಿ, ನಿನ್ನ ಕಾದಂಬರಿ ಇಲ್ಲೇ ಅದ. ಹಗಲೊತ್ತು ಸಂತಿಯಾಗ ರೇಟು ಕೈಸನ್ನಿಲೇ ಮಾತಾಡ್ತಾರೇನು, ಪಂಚಾಯ್ತಿ ನ್ಯಾಯ ರಾತ್ರಿನೇ ಕೂಡ್ತದೇನು, ರಾತ್ರಿ ಆಡಿದ ಮಾತು ಆವಾಗೇ ಕೇಳ್ತದೋ ಇಲ್ಲೋ, ಮಳಿ ಬಂದು ಹಗಲೇ ಕಲ್ಲು ತಣ್ಣಗಾದ್ರ ಏನ್ ಗತಿ, ಇವಕ್ಕೆಲ್ಲಾ ಉತ್ತರ ಬರಿಯೋಕಿಂತ ಮೊದ್ಲು ನಿನಗ ಗೊತ್ತಿರ್ಬೇಕು, ಪುಸ್ತಕದಾಗ ಎಲ್ಲಾ ಹಾಕದಿದ್ರೂ ನಡೀತದ.

ಗಡಿಕೇಶ್ವಾರದ ಮಾತಿಗೆ ಬರ್ತೀನಿ. 2021ರ ಅಕ್ಟೋಬರ್‌ನಾಗ ಅಲ್ಲಿ ಮ್ಯಾಲಿಂದ ಮ್ಯಾಲೆ ಸಣ್ಣ ಭೂಕಂಪ ಆದ್ವು, 11ನೇ ತಾರೀಖಿಂದು 4.1 ತೀವ್ರತೆ ಇತ್ತು, ನೆಲದಾಗಿಂದ ಸಿಡಿದಂಗ ಸದ್ದು ಬಂದು ಮಂದಿ ಹೆದರಿ ಮನಿ ಹೊರಗ ರಾತ್ರಿ ಕಳದ್ರು, ಎಷ್ಟೋ ಮಂದಿ ಊರೇ ಬಿಟ್ಟು ಹೋದ್ರು. ಭೂಕಂಪ ಭಾಳ ಆಳದಾಗ ಇಲ್ದಿದ್ರ ಅದ್ರ ಮೊದಲ್ನೇ ಅಲಿ ಮ್ಯಾಲೆ ಬಂದು ಗಾಳಿನ ಅಲುಗಾಡಸ್ತದ, ಅದೇ ಸದ್ದು. ಜೋರು ನಡುಕದ ಅಲಿ ಹಿಂದಿಂದ ಬರ್ತದ. ಆ ಊರಿನ ಹೆಸರು, ಆ ಮಂದಿ ಕಷ್ಟ ಹಂಗೇ ಎತ್ತಿ ಫ್ಯಾಂಟಸಿಯೊಳಗ ಹಾಕಬ್ಯಾಡ, ಅವ್ರು ಅನುಭವಿಸಿದ್ದು ಖರೇ. ಆದ್ರ ಸದ್ದು ಕೇಳಿ ನಡುಕಕ್ಕ ಕಾಯೋ ಆ ಒಂದೆರಡು ಕ್ಷಣದ ಹೆದರಿಕಿ ನೀ ಆ ಕಡಿಯಾಕಿ ಆಗಿದ್ದಕ್ಕೇ ನಿನಗ ತಿಳೀತದ, ಅದನ್ನ ಧೈರ್ಯದಿಂದ ತಗೋ.

ಪ್ರಶ್ನೆ: ಆಡಿಯೋ ಕಥಿಗೆ ಮಾರ್ದನಿ ಬೇಕಾಗ್ಯದ್ರಿ. ಯಾದಗಿರಿಯಾಗೇ ಫೋನಿನಾಗ ರೆಕಾರ್ಡ್ ಮಾಡ್ಲಿಕ್ಕ ಬರ್ತದೇನ್ರಿ?

ಉತ್ತರ: ಬರ್ತದ್ರಿ. ಕೋಟಿ ಬೆಟ್ಟದ ದೊಡ್ಡ ಬಂಡಿಗಲ್ಲಿನ ಎದುರಿಗೆ ನಿಂತು ನೋಡ್ರಿ, ಕನಿಷ್ಠ 17 ಮೀಟರ್ ದೂರ ಬೇಕು, ಹತ್ರ ಆದ್ರ ಹೋದ ದನಿ ಬಂದ ದನಿ ಕೂಡಿ ಒಂದೇ ಆಗ್ತಾವ. 40-50 ಮೀಟರ್ ಇದ್ರ ಚೊಲೋ. ಗಾಳಿ ಬೀಸದ ಬೆಳಿಗ್ಗಿ ಹೊತ್ತು ಹೋಗಿ ಮೊದ್ಲು ಒಂದು ಚಪ್ಪಾಳಿ ಹೊಡೀರಿ, ಅದು ಬಿಡಿಯಾಗಿ ತಿರುಗಿ ಕೇಳಿದ್ರ ಮಾತೂ ಕೇಳ್ತದ. ಒಂದೇ ದನಿ ಏಳೆಂಟು ಸಲ ಬೇಕಂದ್ರ ಮಾತ್ರ ವಿಜಯಪುರದ ಗೋಳಗುಮ್ಮಟಕ್ಕೇ ಹೋಗ್ಬೇಕು, ಮಂದಿ ಬರೋಕಿಂತ ಮೊದ್ಲು ಮುಂಜಾನೆ ಗೇಟ್ ತಗದ ಕೂಡ್ಲೇ.

ಪ್ರಶ್ನೆ: ಸದ್ದೇ ಇಲ್ಲದ ಲೋಕ ಬರಿಬಹುದಾ ಅಕ್ಕಾ? (ಬೀದರ್‌ನಿಂದ)

ಉತ್ತರ: ಬರೀರಿ, ಆದ್ರ ಗಾಳಿ ಇದ್ದ ಲೋಕದಾಗ ಸದ್ದು ಇರ್ತದ. ಗಾಳಿ ತಗದ್ರ ನಿಮ್ಮ ಪಾತ್ರಗಳು ಉಸಿರು ಹ್ಯಾಂಗ ಆಡ್ತಾವ ಅಂತ ಮೊದ್ಲು ಗಟ್ಟಿ ಮಾಡ್ಕೊಳ್ರಿ, ಇಲ್ಲಂದ್ರ ಸದ್ದು ಇರ್ಲಿ, ಅಲ್ಲಿ ಮಂದಿಗೆ ಕಿವಿ ಬ್ಯಾಡ ಅಂತ ಮಾಡ್ರಿ.